‘ಸ್ಥಾಪಿತ’, ‘ನಿಯಂತ್ರಣ’: ಸಹಕಾರಿ ಬ್ಯಾಂಕುಗಳ ಅಂಗವಿಕಲ ನೌಕರರ ವ್ಯಾಜ್ಯಗಳಲ್ಲಿ ಈ ಪದಗಳ ಅರ್ಥವ್ಯಾಪ್ತಿ

ಮಾನ್ಯರೇ,

ಸಹಕಾರಿ ಬ್ಯಾಂಕೊಂದರಲ್ಲಿ ಗುಮಾಸ್ತರಾಗಿದ್ದು, ಸೇವೆಯಲ್ಲಿರುವಾಗಲೇ ದೃಷ್ಟಿ ಕಳೆದುಕೊಂಡ ನೌಕರರೊಬ್ಬರ ಅರ್ಜಿಯನ್ನು ಕನ್ನಡಕ್ಕೆ ತರುವಾಗ, ‘ಸಹಕಾರ ಸಂಘಗಳ ಅಧಿನಿಯಮದ ಅಡಿಯಲ್ಲಿ ಸ್ಥಾಪಿತವಾದ ಬ್ಯಾಂಕು’ ಎಂದು ಬರೆದುಬಿಟ್ಟಿದ್ದೆ. ರೂಢಿಯ ಬರವಣಿಗೆಯಲ್ಲಿ ಇದು ತಪ್ಪೆನಿಸುವುದಿಲ್ಲ. ಆದರೆ ಇಂಥ ವ್ಯಾಜ್ಯಗಳು ನಿಂತಿರುವುದೇ ‘ಸ್ಥಾಪಿತ’ ಎಂಬ ಪದದ ಮೇಲೆ.

ಸೇವಾವಧಿಯಲ್ಲಿ ಅಂಗವೈಕಲ್ಯಕ್ಕೊಳಗಾದ ನೌಕರರನ್ನು ಕೆಲಸದಿಂದ ತೆಗೆಯುವಂತಿಲ್ಲ, ಕೆಳಗಿನ ದರ್ಜೆಗೆ ಇಳಿಸುವಂತಿಲ್ಲ ಎಂದು ಅಂಗವಿಕಲರ ಹಕ್ಕುಗಳ ಕುರಿತ 1995ರ ಅಧಿನಿಯಮದ 47ನೆಯ ಪ್ರಕರಣ (ಸೆಕ್ಷನ್) ಹೇಳುತ್ತಿತ್ತು. ಆ ರಕ್ಷಣೆ ಸಿಗಬೇಕಾದರೆ ಸಂಸ್ಥೆಯು ಯಾವುದಾದರೊಂದು ಅಧಿನಿಯಮದ ಮೂಲಕ ಅಥವಾ ಅದರ ಅಡಿಯಲ್ಲಿ ಸ್ಥಾಪಿತವಾದ ನಿಗಮವಾಗಿರಬೇಕಿತ್ತು, ಇಲ್ಲವೇ ಸರ್ಕಾರದ ಒಡೆತನ, ನಿಯಂತ್ರಣ ಅಥವಾ ನೆರವಿಗೆ ಒಳಪಟ್ಟಿರಬೇಕಿತ್ತು. ಕಂಪನಿ ಕಾಯ್ದೆಯಡಿ ನೋಂದಣಿಯಾದ ಖಾಸಗಿ ಕಂಪನಿಯು ಆ ಕಾಯ್ದೆಯಿಂದ ‘ಸ್ಥಾಪಿತ’ವಾದುದಲ್ಲ ಎಂದು 2010ರಲ್ಲಿ ಡಾಲ್ಕೊ ಎಂಜಿನಿಯರಿಂಗ್ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯ ತೀರ್ಮಾನಿಸಿತು; ಶ್ರವಣಶಕ್ತಿ ಕಳೆದುಕೊಂಡಿದ್ದ ಆ ನೌಕರರಿಗೆ 47ನೆಯ ಪ್ರಕರಣದ ರಕ್ಷಣೆ ದೊರೆಯಲಿಲ್ಲ. ಸ್ಟೇಟ್ ಬ್ಯಾಂಕ್ ಹುಟ್ಟಿದ್ದು 1955ರ ಅಧಿನಿಯಮದ ಮೂಲಕ. ಪ್ರಾದೇಶಿಕ ಗ್ರಾಮೀಣ ಬ್ಯಾಂಕುಗಳು ಹುಟ್ಟುವುದು 1976ರ ಅಧಿನಿಯಮದ ಅಡಿಯಲ್ಲಿ ಹೊರಡುವ ಅಧಿಸೂಚನೆಯಿಂದ. ಸಹಕಾರಿ ಬ್ಯಾಂಕನ್ನಾದರೋ ಸದಸ್ಯರೇ ಕೂಡಿ ಕಟ್ಟುತ್ತಾರೆ, ಅಧಿನಿಯಮ ಅದನ್ನು ನೋಂದಾಯಿಸಿಕೊಳ್ಳುತ್ತದೆ. ಆದ್ದರಿಂದ ನನ್ನ ಕರಡಿನಲ್ಲಿ ‘ನೋಂದಾಯಿತ’ ಎಂದು ತಿದ್ದಿದ್ದೇನೆ.

ಇದಕ್ಕಿಂತ ನನ್ನನ್ನು ಹೆಚ್ಚು ಕಾಡಿರುವುದು ‘ನಿಯಂತ್ರಣ’. ಒಡೆಯನಂತೆ ನಡೆಸುವುದಕ್ಕೂ, ನಿಯಮ ವಿಧಿಸಿ ಹದ್ದುಬಸ್ತಿನಲ್ಲಿಡುವುದಕ್ಕೂ ನಾವು ಈ ಒಂದೇ ಪದವನ್ನು ಬಳಸುತ್ತೇವೆ. ರಿಸರ್ವ್ ಬ್ಯಾಂಕನ್ನು ‘ನಿಯಂತ್ರಕ’ ಎಂದೇ ಕರೆಯುತ್ತೇವೆ. ಆದರೆ ಕೇರಳದ ತಲಪ್ಪಲಂ ಸೇವಾ ಸಹಕಾರಿ ಬ್ಯಾಂಕಿನ ಮೊಕದ್ದಮೆಯಲ್ಲಿ, ಅದು ಮಾಹಿತಿ ಹಕ್ಕಿಗೆ ಸಂಬಂಧಿಸಿದ್ದಾದರೂ, ಸಹಕಾರ ಸಂಘಗಳ ನಿಬಂಧಕರ (ರಿಜಿಸ್ಟ್ರಾರ್) ಮೇಲ್ವಿಚಾರಣೆಯಷ್ಟೇ ಸರ್ಕಾರದ ನಿಯಂತ್ರಣವಾಗುವುದಿಲ್ಲ ಎಂದು 2013ರಲ್ಲಿ ಸರ್ವೋಚ್ಚ ನ್ಯಾಯಾಲಯ ಹೇಳಿದೆ. ಎರಡಕ್ಕೂ ‘ನಿಯಂತ್ರಣ’ ಎಂದೇ ಬರೆದರೆ ‘ನಿಯಂತ್ರಣವು ನಿಯಂತ್ರಣವಲ್ಲ’ ಎಂಬಂತಹ ವಾಕ್ಯವಾಗುತ್ತದೆ. ಕೆಲಸ ಉಳಿಸಿಕೊಳ್ಳಲು ಹೋರಾಡುತ್ತಿರುವವರ ಕೈಗೆ ಅಂತಹ ವಾಕ್ಯವನ್ನು ಕೊಡಲು ನನಗೆ ಮನಸ್ಸಿಲ್ಲ. ನಿಯಮ ವಿಧಿಸುವ ಅರ್ಥಕ್ಕೆ (ರೆಗ್ಯುಲೇಶನ್) ‘ವಿನಿಯಮನ’ ಎಂಬ ಪದವಿದೆ, ಆದರೆ ಸಾಮಾನ್ಯ ಓದುಗರಿಗೆ ಅದು ಎಷ್ಟು ತಲುಪೀತು?

1995ರ ಅಧಿನಿಯಮದ ಬದಲಿಗೆ ಬಂದ 2016ರ ಅಧಿನಿಯಮವು ಸಹಕಾರ ಸಂಘವನ್ನು ಹೆಸರಿಸಿಯೇ ಖಾಸಗಿ ಸಂಸ್ಥೆಯ ವ್ಯಾಖ್ಯೆಯೊಳಗೆ ಇರಿಸಿದೆ. ಎಲ್ಲ ಸಂಸ್ಥೆಗಳೂ ಸಮಾನಾವಕಾಶ ನೀತಿಯನ್ನು ಪ್ರಕಟಿಸಬೇಕೆಂದು 21ನೆಯ ಪ್ರಕರಣ ವಿಧಿಸುತ್ತದೆ. ಆದರೆ ಕೆಲಸದಿಂದ ತೆಗೆಯದಿರುವ ರಕ್ಷಣೆಯನ್ನು 20ನೆಯ ಪ್ರಕರಣ ಸರ್ಕಾರಿ ಸಂಸ್ಥೆಗಳ ನೌಕರರಿಗಷ್ಟೇ ನೀಡುತ್ತದೆ. ಕನ್ನಡದಲ್ಲಿ ‘ಸಹಕಾರಿ ರಂಗ’ವೆಂದರೆ ಸರ್ಕಾರಿಯೂ ಅಲ್ಲದ, ಖಾಸಗಿಯೂ ಅಲ್ಲದ ಮೂರನೆಯದು ಎಂಬ ಭಾವನೆಯಿರುವುದರಿಂದ, ‘ಖಾಸಗಿ’ ಎಂದೊಡನೆ ಓದುಗರು ಗೊಂದಲಕ್ಕೀಡಾಗುತ್ತಾರೆ. ‘ಸರ್ಕಾರೇತರ ಸಂಸ್ಥೆ’ ಎನ್ನೋಣವೆಂದರೆ ಆ ಪದ ಈಗಾಗಲೇ ಸ್ವಯಂಸೇವಾ ಸಂಘಟನೆಗಳಿಗೆ ಮೀಸಲಾಗಿಬಿಟ್ಟಿದೆ.

ನ್ಯಾಯಾಲಯಗಳ ಕನ್ನಡದಲ್ಲಿ ಪಳಗಿದವರು ‘ನಿಯಂತ್ರಣ’ದ ಈ ಎರಡು ಅರ್ಥಗಳಿಗೆ ಯಾವ ಪದಗಳನ್ನು ಬಳಸುತ್ತಾರೆ? ‘ಖಾಸಗಿ’ ಎಂಬುದನ್ನು ಹಾಗೆಯೇ ಉಳಿಸಿಕೊಂಡು, ಅದರ ವ್ಯಾಖ್ಯೆಯನ್ನು ಅರ್ಜಿಯ ಮೊದಲಲ್ಲೇ ಕೊಡುವುದು ಸರಿಯಾದೀತೇ? ದಯವಿಟ್ಟು ತಿಳಿಸಿ.