ಪಿಎಸ್2 ಸ್ಲಿಮ್‌ಗೆ ಫ್ರೀ ಮೆಕ್‌ಬೂಟ್ ಕಾರ್ಡ್ ಹಾಕಿದ್ರೂ ಏನೂ ಆಗ್ತಾ ಇಲ್ಲ, ಮೆಷಿನ್ ಹಾಳಾಗಿದ್ಯಾ?

ಮುಲುಂಡ್_ಮಾಣಿ:
ಎಲ್ರಿಗೂ ನಮಸ್ಕಾರ. ಸ್ವಲ್ಪ ಉದ್ದ ಉಂಟು, ಬೇಜಾರು ಮಾಡ್ಬೇಡಿ. ಮೊನ್ನೆ ಮನೆಗೆ ಪೇಂಟ್ ಹೊಡೆಸುವಾಗ ಲಾಫ್ಟಿಂದ ಹಳೇ ಪಿಎಸ್2 ಸ್ಲಿಮ್ (ಟಿವಿಗೆ ಹಾಕಿ ಗೇಮ್ ಆಡುವ ಸೋನಿ ಪ್ಲೇಸ್ಟೇಷನ್ 2, ತೆಳ್ಳಗಿನದ್ದು) ಇಳಿಸಿದ್ದು, ಮಗ ನೋಡಿದ, ಅಲ್ಲಿಗೆ ಕಥೆ ಶುರು. ಅಣ್ಣ ದುಬೈಯಿಂದ 2009ರಲ್ಲಿ ತಂದದ್ದು. ಆನ್ ಆಗ್ತದೆ ಆದ್ರೆ ಡಿಸ್ಕ್ ಓದುದಿಲ್ಲ, ಹತ್ತು ಸಲ ಹಾಕಿದ್ರೆ ಒಂದು ಸಲ ಓದ್ತದೆ, ಅದೂ ಲೋಡಿಂಗ್‌ನಲ್ಲೇ ನಿಲ್ತದೆ. ಮುಂಬೈಯ ಎಲೆಕ್ಟ್ರಾನಿಕ್ಸ್ ಬಜಾರು ಲ್ಯಾಮಿಂಗ್ಟನ್ ರೋಡಿಗೆ ತಗೊಂಡು ಹೋದೆ, ಅಲ್ಲಿ ಒಬ್ಬ ಲೆನ್ಸ್ ಎಲ್ಲ ಈಗ ಸಿಗುದಿಲ್ಲ, ಈ ಮೆಮೊರಿ ಕಾರ್ಡ್ ಹಾಕಿ, ಪೆನ್‌ಡ್ರೈವಿಂದಲೇ ಗೇಮ್ ಆಡ್ಬಹುದು ಅಂತ 700 ರೂಪಾಯಿಗೆ ಫ್ರೀ ಮೆಕ್‌ಬೂಟ್ ಕಾರ್ಡ್ ಕೊಟ್ಟ. ಮನೆಗೆ ಬಂದು ಹಾಕಿದ್ರೆ ಎಂತದೂ ಇಲ್ಲ, ಅದೇ ಹಳೇ ಬ್ರೌಸರ್ ಸ್ಕ್ರೀನ್, ಕಾರ್ಡ್ ಒಳಗೆ ಏನುಂಟು ಅಂತ ತೋರಿಸುವ ಮೆಷಿನ್ನಿನದೇ ಮೆನು. ಎರಡೂ ಸ್ಲಾಟ್‌ನಲ್ಲಿ ನೋಡಿದೆ. ವಾಪಸ್ ಹೋಗಿ ಕೇಳಿದ್ರೆ ಮೆಷಿನ್ ಖರಾಬ್ ಅಂತಾನೆ. ಹೌದಾ?

ಇನ್ನೊಂದು ವಿಷಯ. ಒಂದು ಹಳೇ ಮೆಮೊರಿ ಕಾರ್ಡ್ ಕೂಡ ಸಿಕ್ಕಿತು, ಅದು ಇದಕ್ಕಿಂತ ಮೊದಲಿನ ದಪ್ಪ ಪಿಎಸ್2ರದ್ದು. ನಾವಾಗ ಕುರ್ಲಾದಲ್ಲಿ ಗ್ರೌಂಡ್ ಫ್ಲೋರ್, 2005ರ ಜುಲೈ 26ರ ಮಳೆಗೆ ಆ ಮೆಷಿನ್ ಟಿವಿ ಫ್ರಿಜ್ ಎಲ್ಲದರ ಜೊತೆ ಮುಳುಗಿಹೋಯ್ತು. ಕಾರ್ಡ್ ಅಣ್ಣನ ಕಾಲೇಜ್ ಬ್ಯಾಗಿನಲ್ಲಿ ಇತ್ತು, ಅದಕ್ಕೆ ಉಳಿಯಿತು. ಅದ್ರಲ್ಲಿ ಅವನ ಜಿಟಿಎ ಸ್ಯಾನ್ ಆಂಡ್ರಿಯಾಸ್ ಗೇಮಿನ ಸೇವ್, ಅಂದ್ರೆ ಆಡಿ ಉಳಿಸಿಟ್ಟದ್ದು, ಉಂಟು. ದುಬೈಯಿಂದ ಒರಿಜಿನಲ್ ಡಿಸ್ಕ್ ತಂದು ಹಾಕಿದಾಗ್ಲೂ ಸೇವ್ ಬರ್ಲೇ ಇಲ್ಲ, ಹಾಳಾಗಿದೆ ಅಂತ ಅವನೂ ಬಿಟ್ಟ. ಈಗ ಯೋಚನೆ ಏನಂದ್ರೆ, ಈ ಹಳೇ ಕಾರ್ಡನ್ನೇ ಫಾರ್ಮ್ಯಾಟ್ ಮಾಡಿ ಫ್ರೀ ಮೆಕ್‌ಬೂಟ್ ಹಾಕ್ಲಿಕ್ಕೆ ಆಗ್ತದಾ? ಒರಿಜಿನಲ್ 8 ಎಂಬಿ ಕಾರ್ಡ್, ಅಂಗಡಿಯವ ಕೊಟ್ಟದ್ದು ಲೋಕಲ್.

ಕೊತ್ರೂಡ್_ಕಾಕಾ:
ಏ ತಮ್ಮಾ, ಮೊದಲ ಆ ಹಳೇ ಕಾರ್ಡ್ ತಗದು ಕಪಾಟಿನಾಗ ಇಡು. ಫಾರ್ಮ್ಯಾಟ್ ಅನ್ನೋ ಮಾತ ಆಡಬ್ಯಾಡ. ಬ್ರೌಸರ್‌ನಾಗ ಆ ಸೇವ್ ಐಕಾನ್ ಕಾಣತೈತೇನು ಅಷ್ಟ ನೋಡಿ ಹೇಳು, ಉಳದದ್ದು ಆಮ್ಯಾಲ.

ಈಗ ಮಷಿನ್ ವಿಷಯಕ್ಕ ಬರೂಣು. ಕರೆಂಟಿನ ವಾಯರ್ ಹೆಂಗೈತಿ? ನಡುವ ಕರೀ ಡಬ್ಬಿಯಂಥ ಅಡಾಪ್ಟರ್ ಇದ್ರ ಅದು 70 ಸಾವಿರದ ಸೀರೀಸ್. ರೇಡಿಯೋಕ್ಕ ಹಾಕತಿದ್ವಲ್ಲ, ಎರಡು ತೂತಿನ ವಾಯರ್, ಅದು ನೇರ ಮಷಿನ್ನಿಗೆ ಹೋಗತಿದ್ರ 90 ಸಾವಿರದ್ದು, ಅದರಾಗ ಪವರ್ ಸಪ್ಲೈ ಒಳಗ ಐತಿ. ಕೆಳಗಿನ ಸ್ಟಿಕ್ಕರ್ ಮ್ಯಾಲ ಮಾಡಲ್ ನಂಬರ್ ಬಾಜೂಕ ಡೇಟ್ ಕೋಡ್ ಇರತೈತಿ, 7ಸಿ, 8ಡಿ ಹಿಂಗ. ಅಂಕಿ ವರ್ಷ, ಅಕ್ಷರ ಆ ವರ್ಷದ ಮೂರು ಮೂರು ತಿಂಗಳ ಲೆಕ್ಕ. ಅದೆರಡು ಹೇಳು.

ಮುಲುಂಡ್_ಮಾಣಿ:
ರೇಡಿಯೋ ವಾಯರೇ ಕಾಕಾ. ಮಾಡಲ್ 90 ಅಂತ ಶುರು. ಕೋಡ್ 8ಡಿ. ಐಕಾನ್ ಬ್ರೌಸರ್‌ನಲ್ಲಿ ಚಂದ ಕಾಣ್ತದೆ, ತಾರೀಕು ಕೂಡ ಬರ್ತದೆ, ಜುಲೈ 2005. ಗೇಮ್ ಒಳಗೆ ಹೋದ್ರೆ ಮಾತ್ರ ಇಲ್ಲ ಅಂತದೆ.

ಕೊತ್ರೂಡ್_ಕಾಕಾ:
ಹಂಗಾದ್ರ ಮಷಿನ್ ಗಟ್ಟಿ ಐತಿ, ಕಾರ್ಡೂ ಖರೆ ಐತಿ, ಜೋಡಿ ಮಾತ್ರ ತಪ್ಪೈತಿ.

ಕೇಳು. ಪಿಎಸ್2 ಆನ್ ಆಗೂಮುಂದ ಮೆಮೊರಿ ಕಾರ್ಡಿನಾಗ ಏನರ ಸಿಸ್ಟಮ್ ಅಪ್‌ಡೇಟ್ ಐತೇನು ಅಂತ ಒಂದ್ಸಲ ಇಣುಕಿ ನೋಡತಿತ್ತು. ಸೋನಿಯವರು ತಮ್ಮ ಸವಲತ್ತಿಗೆ ಇಟ್ಟ ಬಾಗಲ ಅದು. ಫ್ರೀ ಮೆಕ್‌ಬೂಟ್ ಅದ ಬಾಗಲದಾಗ ನಾನೂ ಅಪ್‌ಡೇಟ್ ಅಂತ ಒಳಗ ಹೋಗತೈತಿ. ಮಷಿನ್ ಬಿಚ್ಚೂದು ಇಲ್ಲ, ಸೋಲ್ಡರ್ ಇಲ್ಲ, ಕಾರ್ಡ್ ತಗದ್ರ ಮೊದಲಿನಂಗ. ಆದ್ರ 2008ರ ಕೊನಿ ಕಡೆ ಬಂದ 90 ಸಾವಿರದ ಮಷಿನ್ನಿನಾಗ ಬಯೋಸ್ 2.30 (ಮಷಿನ್ ಚಾಲೂ ಮಾಡೂ ಒಳಗಿನ ಪ್ರೋಗ್ರಾಮ್) ಹಾಕಿ ಆ ಬಾಗಲಕ್ಕ ಇಟ್ಟಂಗಿ ಕಟ್ಟಿಬಿಟ್ರು. 8ಸಿ ಒಳಗ ಎರಡೂ ಥರದ್ದು ಅದಾವು, 8ಡಿ ಅಂದ್ರ ಮುಗೀತು. ನಿನ್ನ ಮಷಿನ್ ಆ ಕಾರ್ಡನ್ನ ನೋಡೂದ ಇಲ್ಲ. ಅಂಗಡ್ಯಾವ ಕೇಳಬೇಕಿತ್ತು, ಕೇಳಿಲ್ಲ.

ಇದಕ್ಕ ಬ್ಯಾರೆ ದಾರಿ ಎರಡು ಅದಾವು. ಒಂದು ಫ್ರೀ ಡಿವಿಡಿ ಬೂಟ್, 2020ರಾಗ ಬಂದದ್ದು, ಡಿವಿಡಿ ಪ್ಲೇಯರಿನ ದೋಷ ಹಿಡದು ಒಳಗ ಹೋಗತೈತಿ. ಖಾಲಿ ಡಿವಿಡಿಗೆ ಇಮೇಜ್ ಬರ್ನ್ ಮಾಡಿ ಹಾಕಿದ್ರ ಆತು, ಭಾಷಾ ಇಂಗ್ಲಿಷಿಗೆ ಇಟ್ಟಿರಬೇಕು. ಆದ್ರ ನಿನ್ನ ಲೆನ್ಸ್ ಕಂಪನಿ ಡಿಸ್ಕ್ ಓದವಲ್ದು, ಬರ್ನ್ ಮಾಡಿದ್ದು ಓದತೈತೇನು? ಇನ್ನೊಂದು ಓಪನ್ ಟ್ಯೂನಾ. ಅದೂ ಮೆಮೊರಿ ಕಾರ್ಡಿನಾಗಿಂದ, ಆದ್ರ ಆನ್ ಮಾಡಿದ ಕೂಡಲೇ ಅಲ್ಲ, ನೀ ಬ್ರೌಸರ್‌ಗೆ ಹೋಗಿ ಕಾರ್ಡ್ ತಗದಾಗ ಐಕಾನ್ ಓದೂಮುಂದ ಒಳಗ ನುಗ್ಗತೈತಿ. ನಿನ್ನ ಮಷಿನ್ನಿಗೆ ಅದ ಬೇಕು. ಅಡಚಣಿ ಏನಂದ್ರ, ಕಾರ್ಡಿಗೆ ಅದನ್ನ ಬರಿಯಾಕ ಇನ್ನೊಂದು ನಡಿಯೂ ಪಿಎಸ್2 ಬೇಕು. ಕೀಲಿ ಮನಿ ಒಳಗ, ನೀ ಹೊರಗ.

ವಾಸ್ಕೋ_ಅಕ್ಕ:
ಕಾಕಾ ಎಲ್ಲ ಹೇಳಿಬಿಟ್ರು, ನಾನು ಲೆನ್ಸ್ ಬಗ್ಗೆ ಒಂದು ಮಾತು ಸೇರಿಸ್ತೀನಿ. ಗೋವಾದ ಮಳೆಗಾಲದಲ್ಲಿ ಇಟ್ಟ ಡಿಸ್ಕ್‌ಗಳಿಗೆಲ್ಲ ಬಿಳೀ ಬೂಸ್ಟು ಹಿಡಿಯುತ್ತೆ, ನಮ್ಮನೇಲಿ ಅರ್ಧ ಅದಕ್ಕೇ ಹೋದ್ವು. ಲೆನ್ಸ್ ಹೋಯ್ತು ಅನ್ನೋ ಮೊದಲು ಇಯರ್‌ಬಡ್‌ಗೆ ಒಂದು ಹನಿ ಐಸೋಪ್ರೊಪೈಲ್ ಆಲ್ಕೋಹಾಲ್ ಹಾಕಿ ಮೆತ್ತಗೆ ಒರೆಸಿ ನೋಡಿ. ಒತ್ತಬೇಡಿ. ಸರಿಹೋದ್ರೆ ಫ್ರೀ ಡಿವಿಡಿ ಬೂಟೇ ಸುಲಭ.

ಮಗನಿಗೆ ನಮ್ ಕಾಲದ ಕ್ಯಾಸೆಟ್ ಗೇಮ್ ತೋರಿಸ್ಬೇಕು ಅಂದ್ರೆ ಅದು ಇನ್ನೂ ಸಲೀಸು. ಎಫ್‌ಸಿಇಯುಎಂಎಂ ಅಂತ ಎಮ್ಯುಲೇಟರ್ ಇದೆ, ಹಳೇ ಕ್ಯಾಸೆಟ್ ಮೆಷಿನ್ ಥರಾನೇ ನಟಿಸೋ ಪ್ರೋಗ್ರಾಂ, ಆ ಒಂದು ಫೈಲ್ ಪೆನ್‌ಡ್ರೈವಿಗೆ ಹಾಕಿ ಯುಲಾಂಚ್ ಎಲ್ಫ್ ಅನ್ನೋ ಫೈಲ್ ಮ್ಯಾನೇಜರ್ ಒಳಗಿಂದ ಓಡಿಸೋದು ಅಷ್ಟೇ. 1985ರ ಸೂಪರ್ ಮಾರಿಯೋ ಇಡೀ ಗೇಮು 40 ಕೆಬಿ, ನೀವು ವಾಟ್ಸಾಪಲ್ಲಿ ಕಳಿಸೋ ಗುಡ್ ಮಾರ್ನಿಂಗ್ ಫೋಟೋ ಅದಕ್ಕಿಂತ ದೊಡ್ಡದು. ಕ್ಯಾಸೆಟ್ ನಿಮ್ಮದಿದ್ರೆ ಅದನ್ನ ಡಂಪ್ ಮಾಡೋ, ಅಂದ್ರೆ ಒಳಗಿನ ಗೇಮನ್ನ ಫೈಲಾಗಿ ತೆಗೆಯೋ ಬೋರ್ಡ್ ಸಿಗುತ್ತೆ, ಆದ್ರೆ ನಮ್ಮ 9999 ಇನ್ 1 ಕ್ಯಾಸೆಟ್ ಡಂಪ್ ಮಾಡಿ ಯಾವ ಪುಣ್ಯ ಬರಬೇಕು, ಅದರೊಳಗೆ ಇರೋದೇ ಏಳೆಂಟು ಗೇಮು. ಇತ್ತೀಚೆಗೆ ಹವ್ಯಾಸಿಗಳು ಅದೇ ಹಳೇ ಕ್ಯಾಸೆಟ್ ಮೆಷಿನ್‌ಗೆ ಅಂತ ಹೊಸ ಗೇಮ್ ಮಾಡಿ ಮಾರ್ತಾರೆ, ಮೈಕ್ರೋ ಮೇಜಸ್ ಅಂತ 2019ರದ್ದು ಒಂದಿದೆ, ಅದನ್ನೂ ಹಟ ಹಿಡಿದು 40 ಕೆಬಿಯಲ್ಲೇ ಮುಗಿಸಿದ್ದಾರೆ. ನನ್ ಮಗಳಿಗೆ ಮಾರಿಯೋಗಿಂತ ಅದೇ ಇಷ್ಟ. ಡಕ್ ಹಂಟ್ ಆಸೆ ಮಾತ್ರ ಬಿಡಿ, ಆ ಬಂದೂಕಿಗೆ ಡಬ್ಬಿ ಟಿವಿನೇ ಬೇಕು.

ಸ್ಲೋ_ಲೋಕಲ್:
ಡೊಂಬಿವಿಲಿಯಿಂದ. ಗುರು, ನನ್ ಹತ್ರ ಕಾಪಿ ಡಿಸ್ಕೂ ಬೇರೆ ದೇಶದ ಡಿಸ್ಕೂ ಓಡೋ ಹಾಗೆ ಚಿಪ್ ಹಾಕ್ಸಿರೋ ದಪ್ಪ ಪಿಎಸ್2 ಇದೆ, ಇನ್ನೂ ಸಿಂಹದ ಥರ ಓಡ್ತಿದೆ. ಭಾನುವಾರ ಆ 700 ರೂಪಾಯಿ ಕಾರ್ಡ್, ಹಳೇ ಕಾರ್ಡ್, ಒಂದು ಪೆನ್‌ಡ್ರೈವ್ ತಗೊಂಡು ಬಾ, ಮೆಗಾ ಬ್ಲಾಕ್ (ರಿಪೇರಿಗೆ ಲೋಕಲ್ ಟ್ರೈನ್ ನಿಲ್ಲಿಸೋದು) ಇರುತ್ತೆ, ನೋಡ್ಕೊಂಡು ಹೊರಡು. ನಿನ್ ಕಾರ್ಡೇ ನನ್ ಮೆಷಿನ್‌ನಲ್ಲಿ ಬೂಟ್ ಆಗುತ್ತೆ, ಅದರಲ್ಲಿರೋ ಯುಲಾಂಚ್ ಎಲ್ಫ್‌ನಿಂದಾನೇ ಓಪನ್ ಟ್ಯೂನಾ ಹಾಕಿಬಿಡಣ.

ಆ ಸೇವ್ ವಿಷಯ ಕೇಳಿ ನಗು ಬಂತು, ಅದು ಹಾಳಾಗಿಲ್ಲ ಗುರು. ಮುಳುಗಿದ ಮೆಷಿನ್‌ಗೂ ಚಿಪ್ ಇತ್ತಲ್ವಾ? ಆಗ ಎಲ್ಲರಿಗೂ ಸಿಗ್ತಿದ್ದ ಫುಟ್‌ಪಾತ್ ಡಿವಿಡಿಗಳು ಹೆಚ್ಚಿನವು ಅಮೆರಿಕನ್ ವರ್ಷನ್ ಕಾಪಿ. ಅದರ ಸೇವ್ ಫೋಲ್ಡರ್ ಹೆಸರು ಬಿಎ ಅಂತ ಶುರುವಾಗುತ್ತೆ. ದುಬೈ ಡಿಸ್ಕ್ ಪಾಲ್, ಅಂದ್ರೆ ಯೂರೋಪ್ ಕಡೆ ವರ್ಷನ್, ಅದು ಬಿಇ ಅಂತ ಶುರುವಾಗೋ ಫೋಲ್ಡರ್ ಮಾತ್ರ ಹುಡುಕುತ್ತೆ. ಒಂದೇ ಗೇಮ್ ಆದ್ರೂ ಅದರ ಲೆಕ್ಕಕ್ಕೆ ಇವು ಬೇರೆ ಬೇರೆ. ಬ್ರೌಸರ್‌ಗೆ ಈ ಭೇದ ಇಲ್ಲ, ಅದಕ್ಕೇ ಅಲ್ಲಿ ಕಾಣ್ತಿರೋದು. ನನ್ ಹತ್ರ ಕಸಿನ್ ನ್ಯೂಜೆರ್ಸಿಯಿಂದ ತಂದ ಒರಿಜಿನಲ್ ಡಿಸ್ಕ್ ಇದೆ, ಇಲ್ಲೇ ಹಾಕಿ ನೋಡಣ.

ಮುಲುಂಡ್_ಮಾಣಿ:
ಅಯ್ಯೋ ದೇವ್ರೇ! ಹೌದು ಚಿಪ್ ಇತ್ತು. ಇಷ್ಟು ವರ್ಷ ನಾವು ನೀರು ಹೋಗಿ ಹಾಳಾದ್ದು ಅಂತ ತಿಳ್ಕೊಂಡದ್ದು. ಭಾನುವಾರ ಬರ್ತೇನೆ. ಹೆಂಡತಿ ನೀರ್‌ದೋಸೆ ಕಟ್ಟಿ ಕೊಡ್ತಾಳಂತೆ.

ಕೊತ್ರೂಡ್_ಕಾಕಾ:
ಹೋಗೂ ಮುಂಚೆ ಒಂದು ಮಾತು. ಮೊದಲ ಸೇವ್ ಬ್ಯಾಕಪ್ ತಗೋರಿ, ಆಮ್ಯಾಲ ಉಳದ ಕೆಲಸ. ಯುಲಾಂಚ್ ಎಲ್ಫ್ ಒಳಗ ಕಾರ್ಡಿನ ಫೋಲ್ಡರ್ ಮ್ಯಾಲ ಆರ್1 ಒತ್ತಿ ಕಾಪಿ ಅನ್ರಿ, ಪೆನ್‌ಡ್ರೈವಿಗೆ ಹೋಗಿ ಬರೇ ಪೇಸ್ಟ್ ಅಲ್ಲ, ಪಿಎಸ್‌ಯು ಪೇಸ್ಟ್ ಅಂತ ಬ್ಯಾರೆ ಐತಿ, ಅದನ್ನ ಆರಸ್ರಿ. ಇಡೀ ಸೇವ್ ಒಂದ ಫೈಲ್ ಆಗತೈತಿ, ತಾರೀಕೂ ಕೆಡೂದಿಲ್ಲ. ಮತ್ತ ಇನ್‌ಸ್ಟಾಲರ್ ಒಳಗ ಮಲ್ಟಿ ಇನ್‌ಸ್ಟಾಲ್ ಅಂತ ಕಂಡ್ರ ಮುಟ್ಟಬ್ಯಾಡ್ರಿ, ಅದು ಕಾರ್ಡಿನ ಫೈಲ್ ಸಿಸ್ಟಮ್ಮಿನ ಜೋಡಿ ಆಟಾ ಆಡತೈತಿ, ನಂದೊಂದು ಕಾರ್ಡ್ ಹಂಗ ಹೋತು.

ಮನಿಯಾಗ ಆಡಾಕ ನಿನ್ನ ದುಬೈ ಡಿಸ್ಕ್ ಕಂಪ್ಯೂಟರಿನಾಗ ಐಎಸ್‌ಓ (ಇಡೀ ಡಿಸ್ಕಿನ ಒಂದ ಫೈಲ್) ಮಾಡಿ ಪೆನ್‌ಡ್ರೈವಿನಾಗ ಡಿವಿಡಿ ಅನ್ನೂ ಹೆಸರಿನ ಫೋಲ್ಡರಿಗೆ ಹಾಕು, ತಳ ನೀಲಿ ಇರೂ ಡಿಸ್ಕ್ ಇದ್ರ ಅದು ಸಿಡಿ ಫೋಲ್ಡರಿಗೆ. ಡಿಸ್ಕ್ ಇಲ್ಲದ ಗೇಮ್ ಓಡಸೂ ಓಪನ್ ಪಿಎಸ್2 ಲೋಡರ್ ಅನ್ನೂ ಪ್ರೋಗ್ರಾಮ್ ತಾನ ಹುಡಕತೈತಿ. ಪೆನ್‌ಡ್ರೈವ್ ಫ್ಯಾಟ್32 ಫಾರ್ಮ್ಯಾಟಿನಾಗ ಇದ್ರ 4 ಜಿಬಿ ದಾಟಿದ ಫೈಲ್ ಹಿಡಿಯೂದಿಲ್ಲ, ತುಂಡು ಮಾಡಬೇಕು, ಇಲ್ಲ ಲೋಡರಿನ ಹೊಸ ವರ್ಷನ್ ತಗೊಂಡು ಎಕ್ಸ್‌ಫ್ಯಾಟ್ ಮಾಡು. ಎಲ್ಲಿಂದ ಡೌನ್‌ಲೋಡ್ ಅಂತ ಮಾತ್ರ ನನ್ನ ಕೇಳಬ್ಯಾಡ. 1957ರ ಕಾಪಿರೈಟ್ ಕಾಯ್ದೆ 52ನೇ ಕಲಮಿನಾಗ ನಾವು ರೊಕ್ಕಾ ಕೊಟ್ಟು ತಗೊಂಡ ಪ್ರೋಗ್ರಾಮಿಂದು ಹಾಳಾದೀತು ಅಂತ ಬ್ಯಾಕಪ್ ಇಟ್ಗೊಳ್ಳಾಕ ಅವಕಾಶ ಐತಿ, ಫುಟ್‌ಪಾತಿನ ಡಿವಿಡಿಗೆ ಅದು ಬರಂಗಿಲ್ಲ.

ವಾಸ್ಕೋ_ಅಕ್ಕ:
ಪೆನ್‌ಡ್ರೈವಿಂದ ಸ್ಯಾನ್ ಆಂಡ್ರಿಯಾಸ್ ಆಡೋದು ಅಂದ್ರೆ ತಾಳ್ಮೆ ಬೇಕು. ಪಿಎಸ್2 ಯುಎಸ್‌ಬಿ 1.1, ಸೆಕೆಂಡಿಗೆ ಒಂದು ಎಂಬಿ ಬರೋದೇ ಹೆಚ್ಚು. ಕಾರ್ ಜೋರಾಗಿ ಓಡಿಸಿದ್ರೆ ಮುಂದಿನ ರಸ್ತೆ ಇನ್ನೂ ಬಂದೇ ಇರಲ್ಲ. ಸ್ಲಿಮ್‌ಗೆ ಹಿಂದೆ ಲ್ಯಾನ್ ಪೋರ್ಟ್ ಇದೆಯಲ್ಲ, ಅದರಿಂದ ಕಂಪ್ಯೂಟರಲ್ಲಿರೋ ಗೇಮ್ ಓಡಿಸ್ಬಹುದು, ಅದನ್ನ ಯಾಕೆ ವೇಸ್ಟ್ ಮಾಡ್ತೀರಿ.

ಮುಲುಂಡ್_ಮಾಣಿ:
ಹೋಗಿ ಬಂದೆ. ಮೊದಲು ಕಾಕಾ ಹೇಳಿದ ಹಾಗೆ ಬ್ಯಾಕಪ್, ಫೋಲ್ಡರ್ ನೋಡಿದ್ರೆ ಬಿಎಎಸ್‌ಎಲ್‌ಯುಎಸ್ ಅಂತ್ಲೇ ಉಂಟು. ಆಮೇಲೆ ಅವರ ನ್ಯೂಜೆರ್ಸಿ ಡಿಸ್ಕ್ ಹಾಕಿ, ಹಳೇ ಕಾರ್ಡ್ ಸ್ಲಾಟ್ ಒಂದಕ್ಕೆ, ಲೋಡ್ ಗೇಮ್ ಒತ್ತಿದ್ದು. ಬಂತು ಮಾರಾಯ್ರೆ. ಮಿಷನ್ ಹೆಸರು ಸಮೇತ, 25 ಜುಲೈ 2005. ಮಳೆಯ ಹಿಂದಿನ ರಾತ್ರಿ ಆಡಿ ಮಲಗಿದ್ದು. ಅಣ್ಣನಿಗೆ ವಿಡಿಯೋ ಕಾಲ್ ಮಾಡಿ ತೋರಿಸಿದೆ, ಐದು ನಿಮಿಷ ಮಾತಾಡ್ಲಿಲ್ಲ, ಆಮೇಲೆ ಹೇಳಿದ್ದು ಒಂದೇ, ಅದ್ರ ಮೇಲೆ ಸೇವ್ ಮಾಡಿದ್ರೆ ನೋಡು, ಚೌತಿಗೆ ನಾನು ಬರ್ತೇನೆ.

ಓಪನ್ ಟ್ಯೂನಾ ಮನೆಯಲ್ಲಿ ಮೊದಲ ಸಲಕ್ಕೇ ಎದ್ದಿತು. ಮಗನಿಗೆ ಮಾರಿಯೋ ಹಾಕಿಕೊಟ್ಟೆ, ಎರಡನೇ ಲೆವೆಲ್‌ನಲ್ಲೇ ಸತ್ತು ಸತ್ತು ಸೇವ್ ಬಟನ್ ಎಲ್ಲಿ ಅಂತ ಕೇಳ್ತಾನೆ. ಇಲ್ಲ ಮಗಾ ಅಂದೆ. ಅಕ್ಕ ಹೇಳಿದ್ದು ಸರಿ, ಯುಎಸ್‌ಬಿಯಲ್ಲಿ ಸ್ಯಾನ್ ಆಂಡ್ರಿಯಾಸ್ ಎತ್ತಿನ ಗಾಡಿ. ಲ್ಯಾನ್ ಎಳೆದಿದ್ದೇನೆ, ಲ್ಯಾಪ್‌ಟಾಪ್‌ನಲ್ಲಿ ಫೋಲ್ಡರ್ ಶೇರ್ ಮಾಡಿದ್ದೇನೆ, ಲೋಡರ್‌ಗೆ ಮಾತ್ರ ಕಾಣುದಿಲ್ಲ. ವಿಂಡೋಸ್ 11.

ಸ್ಲೋ_ಲೋಕಲ್:
ಲೋಡರ್‌ಗೆ ಗೊತ್ತಿರೋದು ಎಸ್‌ಎಂಬಿ 1 ಅನ್ನೋ ಹಳೇ ಫೈಲ್ ಶೇರಿಂಗ್ ಪದ್ಧತಿ ಮಾತ್ರ, ಅದನ್ನ ಈಗಿನ ವಿಂಡೋಸ್ ಆಫ್ ಮಾಡಿಟ್ಟಿರುತ್ತೆ, ಸೆಕ್ಯೂರಿಟಿ ದೃಷ್ಟಿಯಿಂದ ಸರಿನೇ. ಆಫೀಸ್ ಲ್ಯಾಪ್‌ಟಾಪ್‌ನಲ್ಲಿ ಅದನ್ನ ಆನ್ ಮಾಡೋಕೆ ಹೋಗ್ಬೇಡ ಗುರು. ಹಳೇ ರಾಸ್ಪ್‌ಬೆರಿ ಪೈ ಅನ್ನೋ ಪುಟ್ಟ ಕಂಪ್ಯೂಟರ್ ಒಂದಿದೆ ನನ್ ಹತ್ರ, ಅದಕ್ಕೆ ಫೋಲ್ಡರ್ ಶೇರ್ ಮಾಡೋ ಸಾಂಬಾ ಹಾಕಿ ಕೊಡ್ತೀನಿ. ನೀರ್‌ದೋಸೆ ಸ್ವಲ್ಪ ಜಾಸ್ತಿ ತಾ, ಹೋದ್ಸಲ ನಮ್ಮಮ್ಮನಿಗೆ ಸಿಗಲೇ ಇಲ್ಲ.