ಬಿಸಿ ಇಂಜಿನ್ ನಿಲ್ಸಿದ್ರ ವಾಪಸ್ ಸ್ಟಾರ್ಟ್ ಆಗವಲ್ದು, ಸೆಲ್ಫ್ ಚಲೋ ತಿರಗ್ತದ

ತೀನ್‌ಕಂದೀಲ್ (ರಾಯಚೂರು):
ನಮಸ್ಕಾರ ಎಲ್ಲರಿಗೂ. ನಂದು 2014ರ ಪೆಟ್ರೋಲ್ ಗಾಡಿ ಅದ. ಮುಂಜಾನಿ ಒಂದೇ ಸೆಲ್ಫಿಗೆ ಎದ್ದ ಬಿಡ್ತದ. ಆದ್ರ ಸಿಂಧನೂರಿಗೆ ಹೊಂಟಾಗ ಮಾನ್ವಿಯಾಗ ಚಾ ಕುಡಿಲಾಕ ನಿಲ್ಸಿ ಹತ್ತು ಹದಿನೈದು ನಿಮಿಷ ಬಿಟ್ಟು ಬಂದು ಚಾವಿ ತಿರುವಿದ್ರ ಸೆಲ್ಫ್ ಜೋರಾಗೇ ತಿರಗ್ತದ, ಇಂಜಿನ್ ಮಾತ್ರ ಹಿಡಿಯಂಗಿಲ್ಲ. ಬಾನೆಟ್ ಎತ್ತಿ ಅರ್ಧ ತಾಸು ಬೇವಿನ ಗಿಡದ ನೆಳ್ಳಾಗ ಕುಂತ್ರ ಆಮ್ಯಾಲ ಏನೂ ಆಗೇ ಇಲ್ಲ ಅನ್ನಂಗ ಸ್ಟಾರ್ಟ್ ಆಗ್ತದ. ಈ ಬಿಸಿಲಾಗ ಸಣ್ಣ ಹುಡುಗ್ರನ್ನ ಕರ್ಕೊಂಡು ಹೋಗಾಕ ಹೆದರಿಕಿ ಬರ್ತದ ನೋಡ್ರಿ. ಬ್ಯಾಟ್ರಿ ಹೋದ ದೀಪಾವಳಿಗೆ ಹೊಸಾದು ಹಾಕ್ಸೀನಿ. ಮೆಕ್ಯಾನಿಕ್ ಫ್ಯುಯೆಲ್ ಪಂಪ್ ಹೋಗ್ಯಾದ, ಟ್ಯಾಂಕ್ ಇಳಸ್ಬೇಕು ಅನ್ಲಿಕತ್ಯಾನ. ಹೌದೇನ್ರಿ? ರೊಕ್ಕ ಹಾಕೂಕಿಂತ ಮೊದ್ಲ ಖಾತ್ರಿ ಮಾಡ್ಕೊಬೇಕು.

ಸ್ಪ್ಯಾನರ್_ಬಳ್ಳಾರಿ:
ಅಣ್ಣ, ಟ್ಯಾಂಕ್ ಇಳಸ್ಬೇಡ, ಸ್ವಲ್ಪ ತಡಿ. ಸೆಲ್ಫ್ ಜೋರಾಗಿ ತಿರುಗ್ತೈತೆ ಅಂದ್ರೆ ಬ್ಯಾಟ್ರಿ, ಸೆಲ್ಫ್ ಮೋಟ್ರು ಎರಡೂ ಸರಿ ಅವೆ, ಅದನ್ನ ಬಿಟ್ಬಿಡು. ಬಿಸಿ ಇದ್ದಾಗ ಮಾತ್ರ ಆಗೋದು, ತಣ್ಣಗಾದ್ರೆ ತಾನೇ ಸರಿ ಹೋಗೋದು, ಇದು ಕೇಳಿದ ತಕ್ಷಣ ನನಗೆ ಡೌಟ್ ಬರೋದು ಕ್ರ್ಯಾಂಕ್ ಸೆನ್ಸರ್ ಮೇಲೆ. ಇಂಜಿನ್ ತಿರುಗ್ತಾ ಐತೆ ಅಂತ ಇಸಿಎಂಗೆ, ಅಂದ್ರೆ ಇಂಜಿನ್ ನಡೆಸೋ ಕಂಪ್ಯೂಟರಿಗೆ, ಹೇಳೋದು ಅದೇ. ಭಾಳ ಗಾಡಿಲಿ ಅದರೊಳಗೆ ಕೂದಲಷ್ಟು ಸಣ್ಣ ತಾಮ್ರದ ತಂತಿ ಸುತ್ತಿರ್ತಾರೆ, ಹಳೇದಾದ್ಮೇಲೆ ಕಾವಿಗೆ ಅದು ಒಳಗೇ ಬಿಟ್ಕೊಳ್ಳುತ್ತೆ, ತಣ್ಣಗಾದ್ರೆ ಮತ್ತೆ ಕೂಡ್ಕೊಳ್ಳುತ್ತೆ. ಸಿಗ್ನಲ್ ಬರ್ಲಿಲ್ಲ ಅಂದ್ರೆ ಇಸಿಎಂ ಸ್ಪಾರ್ಕೂ ಕೊಡಲ್ಲ ಪೆಟ್ರೋಲೂ ಬಿಡಲ್ಲ. ಗಾಡಿ ನಿಲ್ಸಿದ ಮೇಲೆ ಫ್ಯಾನ್ ಗಾಳಿನೂ ಇಲ್ಲ ಓಡೋ ಗಾಳಿನೂ ಇಲ್ಲ, ಬಾನೆಟ್ ಒಳಗಿನ ಕಾವು ಇನ್ನೂ ಏರುತ್ತೆ, ಅದಕ್ಕೇ ಓಡುವಾಗ ಬಾರದ ತೊಂದರೆ ಚಾ ಕುಡಿದು ಬಂದ್ಮೇಲೆ ಬರೋದು.

ಚೆಕ್ ಮಾಡೋದು ಸುಲಭ. ಯಾರ ಹತ್ರಾನಾದ್ರೂ ಬ್ಲೂಟೂತ್ ಸ್ಕ್ಯಾನರ್ ಇಸ್ಕೊಂಡು ಸ್ಟೇರಿಂಗ್ ಕೆಳಗಿನ ಓಬಿಡಿ ಪೋರ್ಟಿಗೆ (ಸ್ಕ್ಯಾನರ್ ಹಾಕೋ ಸಾಕೆಟ್) ಚುಚ್ಚಿ ಲೈವ್ ಡೇಟಾದಲ್ಲಿ ಆರ್‌ಪಿಎಂ ತೆಗಿ. ಸ್ಟಾರ್ಟ್ ಆಗದೇ ಇರೋ ಹೊತ್ತಲ್ಲೇ ಸೆಲ್ಫ್ ಹೊಡಿಬೇಕು, ಮನೇಲಿ ತಣ್ಣಗಿದ್ದಾಗ ನೋಡಿದ್ರೆ ಏನೂ ಸಿಗಲ್ಲ. ಆರ್‌ಪಿಎಂ 200 ಆಸುಪಾಸು ತೋರಿಸಿದ್ರೆ ಸೆನ್ಸರ್ ಬದುಕೈತೆ. ಸೆಲ್ಫ್ ತಿರುಗ್ತಿದ್ರೂ ಸೊನ್ನೆ ಅಂದ್ರೆ ಸೆನ್ಸರು ಇಲ್ಲಾ ಅದರ ವೈರು. ಕ್ರ್ಯಾಂಕ್ ಸೆನ್ಸರ್ ತೊಂದರೆ ಹೇಳೋ ಪಿ0335 ಕೋಡ್ ಬಂದ್ರೂ ಬರಬಹುದು, ಬರ್ಲಿಲ್ಲ ಅಂದ್ರೆ ಸೆನ್ಸರ್ ಸರಿ ಐತೆ ಅಂತ ಮಾತ್ರ ನಂಬಬೇಡ.

ಗಂಗಾವತಿ_ಸೋನಾ:
ನಮ್ಮ ಕಡೆ ಮೊದಲು ವೈರ್ ನೋಡ್ತೀವ್ರಿ. ರೈಸ್ ಮಿಲ್ ಪಕ್ಕ ಗಾಡಿ ನಿಲ್ಸಿದ್ರ ಇಲಿ ಬಿಡಂಗಿಲ್ಲ, ಸೆನ್ಸರ್ ವೈರ್ ಅರ್ಧ ಕಡದು ಬಿಟ್ಟಿರ್ತಾವು, ಅದೂ ಕಾವಿಗೇ ಕೈ ಕೊಡತೈತಿ. ಕನೆಕ್ಟರ್ ಬಿಚ್ಚಿ ಒಳಗ ಹಸರು ಹಿಡದೈತೇನು ನೋಡ್ರಿ.

ಇನ್ನೊಂದು, ಪಂಪ್ ಅಲ್ಲವೇ ಅಲ್ಲ ಅಂತ ಈಗೇ ಹೇಳಾಕ ಬರಂಗಿಲ್ಲ. ಸೋತ ಪಂಪೂ ಬಿಸಿಯಾದ ಮ್ಯಾಲ ಹಿಂಗ ಆಟ ಆಡತೈತಿ. ಟ್ಯಾಂಕಿನ್ಯಾಗಿರೋ ಪಂಪಿಗೆ ಪೆಟ್ರೋಲೇ ತಂಪು, ಯಾವಾಗ್ಲೂ ರಿಸರ್ವ್‌ನ್ಯಾಗ ಓಡ್ಸವ್ರದು ಲಗೂ ಹೋಗತೈತಿ. ಸ್ಟಾರ್ಟ್ ಆಗದಿದ್ದಾಗ ಸೆಲ್ಫ್ ಹೊಡಿಲಾರದ ಚಾವಿ ಬರೇ ಆನ್ ಮಾಡಿ ಹಿಂದಿನ ಸೀಟ್ ಹತ್ರ ಕಿವಿ ಇಡ್ರಿ, ಒಂದೆರಡು ಸೆಕೆಂಡ್ ಗುಂಯ್ ಅನ್ನಬೇಕು. ಮೂರ್ನಾಕು ಸಲ ಆನ್ ಆಫ್ ಮಾಡಿ ಆಮ್ಯಾಲ ಹೊಡದ್ರ ಹಿಡೀತು ಅಂದ್ರ ಲೈನಿನ್ಯಾಗ ಪ್ರೆಶರ್ ನಿಲ್ಲವಲ್ದು ಅಂತ ತಿಳ್ಕೊರಿ, ಅವಾಗ ಸೆನ್ಸರ್ ಬಿಟ್ಟು ಪೆಟ್ರೋಲ್ ಕಡೆ ಹೋಗ್ರಿ.

ಕೆಂಪುಧೂಳು:
ನಡುವೆ ಬಾಯಿ ಹಾಕ್ತೀನಿ ಸಾರಿ, ನಂದು ಸೆಲ್ಫೇ ತಿರುಗಲ್ಲ, ಟಕ್ ಅಂತೈತೆ ಅಷ್ಟೇ. ಸಂಡೂರು ಕಡೆ ಓಡಾಡೋ ಗಾಡಿ. ನಂದೂ ಸೆನ್ಸರಾ?

ಸ್ಪ್ಯಾನರ್_ಬಳ್ಳಾರಿ:
ಅಲ್ಲ, ನಿಂದು ಬೇರೆ ಕೇಸು. ಬ್ಯಾಟ್ರಿ ಟರ್ಮಿನಲ್ ಬಿಚ್ಚಿ ಉಜ್ಜಿ ಟೈಟ್ ಮಾಡು. ಮಲ್ಟಿಮೀಟ್ರಲ್ಲಿ ನೋಡು, ರಾತ್ರಿಯೆಲ್ಲ ನಿಂತ ಗಾಡಿಲಿ 12.6 ವೋಲ್ಟ್ ಇದ್ರೆ ಫುಲ್, 12ಕ್ಕೆ ಇಳಿದಿದ್ರೆ ಹೆಚ್ಚುಕಮ್ಮಿ ಖಾಲಿ. ಸೆಲ್ಫ್ ಹೊಡಿವಾಗ 9.6 ಒಳಗೆ ಬಿದ್ರೆ ಬ್ಯಾಟ್ರಿ ಮುಗೀತು. ಅದು ಬೀಳದೇನೂ ಟಕ್ ಅಂದ್ರೆ ಇಂಜಿನ್ ಅರ್ಥ್ ವೈರು, ಆಮೇಲೆ ಸೆಲ್ಫ್ ಮೋಟ್ರಿಗೆ ಕರೆಂಟ್ ಕೊಡೋ ಸೊಲೆನಾಯ್ಡು ನೋಡು. ಚಳಿಗಿಂತ ನಮ್ಮ ಬಿಸಿಲೇ ಬ್ಯಾಟ್ರಿನ ಜಾಸ್ತಿ ತಿನ್ನೋದು, ಮುಚ್ಚಳ ಇರೋ ಬ್ಯಾಟ್ರಿ ಆದ್ರೆ ಡಿಸ್ಟಿಲ್ಡ್ ವಾಟರ್ ನೋಡ್ಕೊ.

ತೀನ್‌ಕಂದೀಲ್ (ರಾಯಚೂರು):
ಸ್ಪ್ಯಾನರ್ ಅಣ್ಣಾರ, ಇವತ್ತ ಮಧ್ಯಾಹ್ನ ಗೆಳೆಯಂದು ಸ್ಕ್ಯಾನರ್ ಹಾಕಿ ನೋಡ್ದಿ. ಗಾಡಿ ಹಿಡಿಲಾರದಾಗ ಸೆಲ್ಫ್ ತಿರಗ್ತಿತ್ತು, ಆರ್‌ಪಿಎಂ ಸೊನ್ನೆ! ಪಂಪ್ ಗುಂಯ್ ಅಂತದ, ಆನ್ ಆಫ್ ಮಾಡಿದ್ರೂ ಹಿಡಿಲಿಲ್ಲ. ವೈರ್‌ನೂ ನೋಡ್ದಿ, ಇಲಿ ಕಡದಿಲ್ಲ, ಕನೆಕ್ಟರ್ ಕ್ಲೀನ್ ಅದ. ಸೆನ್ಸರ್ ಯಾವ್ದ ತರ್ಲಿ, ಲೋಕಲ್ ಅರ್ಧ ರೇಟಿಗೆ ಸಿಗ್ತದ ಅನ್ಲಿಕತ್ಯಾರ.

ಸ್ಪ್ಯಾನರ್_ಬಳ್ಳಾರಿ:
ಇದೊಂದಕ್ಕೆ ಒರಿಜಿನಲ್ಲೇ ತಗೊ ಅಣ್ಣ. ಲೋಕಲ್ ಹಾಕಿ ಮೂರು ತಿಂಗಳಿಗೆ ಮತ್ತೆ ಅದೇ ಬೇವಿನ ಗಿಡ ಹುಡುಕೋರನ್ನ ನೋಡೀನಿ. ಹಳೇದು ಕೀಳೋ ಮುಂದೆ ಬ್ಯಾಟ್ರಿ ಮೈನಸ್ ತೆಗಿ, ಇಂಜಿನ್ ಪೂರ್ತಿ ಆರಿರ್ಲಿ, ಕೂರೋ ಜಾಗದ ಮಣ್ಣು ತುಕ್ಕು ಒರೆಸು, ಪೂರ್ತಿ ಒಳಗೆ ಕೂತ್ಮೇಲೆ ಬೋಲ್ಟ್ ಬಿಗಿ, ಬೋಲ್ಟಿಂದ ಎಳೆದು ಕೂರಿಸಬೇಡ, ಸೆನ್ಸರ್ ತಲೆ ಒಡೆಯುತ್ತೆ. ಕೆಲವು ಗಾಡಿಗೆ ಹಾಕಿದ್ಮೇಲೆ ಸ್ಕ್ಯಾನರಲ್ಲಿ ರೀಲರ್ನ್ (ಹೊಸ ಸೆನ್ಸರನ್ನ ಇಸಿಎಂಗೆ ಕಲಿಸೋದು) ಮಾಡ್ಬೇಕಾಗುತ್ತೆ, ಸ್ಪೇರ್ ಅಂಗಡಿಲಿ ನಿನ್ನ ಮಾಡೆಲ್ ಹೇಳಿ ಕೇಳ್ಕೊಂಡೇ ಬಾ.