ಹೊರದೇಶದಲ್ಲಿ ಸ್ವಂತ ಸಿನಿಮಾ ಮಾಡಬೇಕು, ಕೆಲಸ ಬಿಡಲಾ?

ಪ್ರಶ್ನೆ:
ನಾಲ್ಕು ವರ್ಷದಿಂದ ಹೊರದೇಶದಲ್ಲಿದ್ದೇನೆ. ಹಗಲು ಜಾಹೀರಾತು ಎಡಿಟಿಂಗ್ ಕೆಲಸ, ರಜೆಯಲ್ಲಿ ಎರಡು ಕಿರುಚಿತ್ರ ಮಾಡಿದ್ದೇನೆ. ಈಗ 90 ನಿಮಿಷದ ಸ್ಕ್ರಿಪ್ಟ್ ರೆಡಿ ಇದೆ. ಕೂಡಿಟ್ಟ ದುಡ್ಡು ಹಾಕಿ ಶೂಟ್ ಮಾಡಿಬಿಡಲಾ, ಸಿನಿಮಾಗೆ ನೆರವು ಕೊಡುವ ಫಂಡ್‌ಗೆ ಕಾಯಲಾ? ಕೆಲಸ ಬಿಟ್ಟರೆ ವೀಸಾನೂ ಹೋಗುತ್ತದೆ, ಅದೇ ಭಯ.

ಉತ್ತರ 1:
ಕೆಲಸ ಬಿಡಬೇಡಿ. ಮಿಕ್ಕಿದ್ದು ಆಮೇಲೆ.

ಉತ್ತರ 2:
ನಾನು ಹೊರಗೆ ಬಂದು ಹದಿಮೂರು ವರ್ಷ. ಎರಡು ಸಿನಿಮಾ ಮುಗಿಸಿದ್ದೇನೆ. ಹೊಟ್ಟೆಪಾಡು ಇವತ್ತಿಗೂ ಬೇರೆಯವರ ಸಿನಿಮಾಗೆ ಸಬ್‌ಟೈಟಲ್ ಬರೆದೇ ನಡೆಯುತ್ತಿದೆ. ನಾಚಿಕೆ ಏನಿಲ್ಲ.

ಕ್ಯಾಮೆರಾಗಿಂತ ಮೊದಲು ಒಬ್ಬ ಪ್ರೊಡ್ಯೂಸರ್‌ನ ಹುಡುಕಿ. ಫಂಡ್‌ನವರು ಒಂಟಿ ನಿರ್ದೇಶಕನ ಕೈಗೆ ದುಡ್ಡು ಕೊಡುವುದು ಕಡಿಮೆ. ಬರ್ಲಿನ್ ಚಿತ್ರೋತ್ಸವದ ವರ್ಲ್ಡ್ ಸಿನಿಮಾ ಫಂಡ್‌ಗೆ ಜರ್ಮನಿಯ ನಿರ್ಮಾಣ ಕಂಪನಿ ಜೊತೆಗಿರಬೇಕು. ರಾಟರ್ಡ್ಯಾಮ್ ಚಿತ್ರೋತ್ಸವದ ಹುಬರ್ಟ್ ಬಾಲ್ಸ್ ಫಂಡ್ 1988ರಿಂದ ಇದೆ, ಸ್ಕ್ರಿಪ್ಟ್ ಹಂತದಲ್ಲೇ ನೆರವು ಕೊಡುತ್ತದೆ. ನೀವು ಅವಸರಪಟ್ಟು ಶೂಟ್ ಮಾಡಿದರೆ ಆ ಬಾಗಿಲು ಮುಚ್ಚಿದ ಹಾಗೆ. ಎರಡೂ ಕಡೆ ನೀವು ಯಾವ ದೇಶದವರು ಅನ್ನುವುದು ಲೆಕ್ಕಕ್ಕೆ ಬರುತ್ತದೆ, ನಿಯಮ ಓದಿಕೊಳ್ಳಿ.

ಇನ್ನೊಂದು, ಕಾಗದಪತ್ರ. ನನ್ನ ಮೊದಲ ಸಿನಿಮಾದ ಕೊನೆಗೆ ಗೆಳೆಯನ ಹಾಡೊಂದಿತ್ತು. "ತಗೊಳ್ಳೋ" ಅಂದ, ಸುಮ್ನೆ ಹಾಕಿಕೊಂಡೆ. ಉತ್ಸವಗಳಲ್ಲಿ ಯಾರೂ ಕೇಳಲಿಲ್ಲ. ಸಿನಿಮಾ ಮಾರಿಕೊಡುವ ಸೇಲ್ಸ್ ಏಜೆಂಟ್ ಬಂದವನೇ ಹಾಡಿನ ಹಕ್ಕುಪತ್ರ ತೋರಿಸಿ ಅಂದ. ಅಷ್ಟರಲ್ಲಿ ಗೆಳೆಯ ಆ ಹಾಡನ್ನು ಒಂದು ಮ್ಯೂಸಿಕ್ ಕಂಪನಿಗೆ ಬರೆದುಕೊಟ್ಟಾಗಿತ್ತು. ಆರು ತಿಂಗಳು ಓಡಾಡಿ, ಕೊನೆಗೆ ಹಾಡು ಕಿತ್ತು, ಸೌಂಡ್ ಮಿಕ್ಸ್ ಮತ್ತೆ ಮಾಡಿಸಿ, ಡಿಸಿಪಿ, ಅಂದರೆ ಥಿಯೇಟರ್‌ನಲ್ಲಿ ಓಡಿಸುವ ಡಿಜಿಟಲ್ ಪ್ರತಿ, ಹೊಸದಾಗಿ ತೆಗೆಸಿದೆ. ಆ ದುಡ್ಡಲ್ಲಿ ಒಂದು ಕಿರುಚಿತ್ರ ಆಗುತ್ತಿತ್ತು. ಗೆಳೆಯನ ಮೇಲೆ ಸಿಟ್ಟಿಲ್ಲ, ಅವನೂ ಮನೆ ಬಾಡಿಗೆ ಕಟ್ಟಬೇಕಲ್ವಾ.

ಈಗ ನಟರು, ಸಂಗೀತ, ಸ್ಕ್ರಿಪ್ಟ್‌ಗೆ ಕೈ ಹಾಕಿದವರು, ಎಲ್ಲರ ಸಹಿ ಶೂಟ್‌ಗೆ ಮುಂಚೆಯೇ. ಅಣ್ಣತಮ್ಮ ಆದರೂ ಸರಿ.

ಉತ್ತರ 3:
ಮೇಲಿನವರ ಮಾತಿಗೆ ಒಂದು ಸೇರಿಸುತ್ತೇನೆ. ಏಜೆಂಟ್ ತನ್ನ ಕಮಿಷನ್, ಪೋಸ್ಟರ್, ಸಿನಿಮಾ ಮಾರ್ಕೆಟ್ ಓಡಾಟದ ಖರ್ಚು ಎಲ್ಲ ಹಿಡಿದುಕೊಂಡು ಉಳಿದದ್ದು ನಿಮಗೆ. ಆ ಖರ್ಚಿಗೆ ಮಿತಿ ಬರೆಸಿಕೊಳ್ಳಿ. ಮತ್ತೆ, ಖುಷಿಗೆ ಅಂತ ಸಣ್ಣ ಉತ್ಸವದಲ್ಲಿ ಮೊದಲು ತೋರಿಸಬೇಡಿ. ದೊಡ್ಡ ಉತ್ಸವದವರು ಮೊದಲ ಪ್ರದರ್ಶನ ತಮ್ಮಲ್ಲೇ ಆಗಲಿ ಅನ್ನುತ್ತಾರೆ.

ಪ್ರಶ್ನೆ ಕೇಳಿದವರು:
ಥ್ಯಾಂಕ್ಸ್. ಕೆಲಸ ಬಿಡುವುದಿಲ್ಲ. ಆದರೆ ಪ್ರೊಡ್ಯೂಸರ್‌ಗಳಿಗೆ ತೋರಿಸಬೇಕು ಅಂದುಕೊಂಡಿದ್ದ ಕಿರುಚಿತ್ರದಲ್ಲಿ ಕೆಫೆ ದೃಶ್ಯ ಇದೆ. ಹಿಂದೆ ರೇಡಿಯೋದಲ್ಲಿ ಯಾವುದೋ ಸಿನಿಮಾ ಹಾಡು ಕೇಳಿಸುತ್ತದೆ.

ಉತ್ತರ 2:
ಪ್ರೊಡ್ಯೂಸರ್‌ಗೆ ತೋರಿಸಲು ಪರವಾಗಿಲ್ಲ. ಮಾರುವಾಗ ಕಷ್ಟ. ಹಾಡಿನ ಟ್ರ್ಯಾಕ್ ಬೇರೆ ಇದೆಯಾ?

ಪ್ರಶ್ನೆ ಕೇಳಿದವರು:
ಇಲ್ಲ. ಮಾತಿನ ಜೊತೆಗೇ ಮೈಕ್‌ಗೆ ಬಿದ್ದಿದೆ.

ಉತ್ತರ 2:
ಹಾಗಾದರೆ ನಟರಿಗೆ ಫೋನ್ ಮಾಡಿ, ಡಬ್ಬಿಂಗ್‌ಗೆ ಕರೆಸಿ. ಮಾತು ಮತ್ತೆ ರೆಕಾರ್ಡ್ ಆದರೆ ಹಾಡು ತೆಗೆಯಬಹುದು. ಹಾಗೇ ಸಹಿನೂ ಹಾಕಿಸಿಕೊಳ್ಳಿ.